ನಿಪ್ಪಾಣಿಯ ಕಾವು

1953ರಲ್ಲಿ ನಮ್ಮ ಆದೋನಿ, ಆಲೂರು, ರಾಯದುರ್ಗ ತಾಲೂಕುಗಳು ಬಳ್ಳಾರಿಯಿಂದ ಕಳಚಿ ಆಂಧ್ರಕ್ಕೆ ಸೇರಿದವು. 1956ರಲ್ಲಿ ಕಾಸರಗೋಡು ಕೇರಳಕ್ಕೆ ಹೋಯಿತು. ಅದೇ ವರ್ಷ ಮರಾಠಿ ಮಾತಿನ ನಿಪ್ಪಾಣಿ ಮೈಸೂರು ರಾಜ್ಯದೊಳಗೆ ಬಂತು. ನಮ್ಮ ನೋವನ್ನು ನಾವು ಎಷ್ಟೋ ಬಾರಿ ಬರೆದುಕೊಂಡಿದ್ದೇವೆ. ನಮ್ಮಂತೆಯೇ ಗಡಿಯ ಆಚೆ ಉಳಿದ ನಿಪ್ಪಾಣಿಯವರನ್ನು ನನಗೆ ಪರಿಚಯಿಸಿದ್ದು ಒಂದು ಸಾಕ್ಷ್ಯಚಿತ್ರ.

1982ರ ‘ತಂಬಾಕು ಚಾಕೀಲಾ ಊಬ್ ಆಲೀ’ ಕೇವಲ 25 ನಿಮಿಷದ್ದು. ದೀಪಾ ಧನರಾಜ್, ಆಭಾ ಭೈಯಾ, ಮೀರಾ ರಾವ್ ಮತ್ತು ಛಾಯಾಗ್ರಾಹಕ ನವರೋಜ್ ಕಾಂಟ್ರಾಕ್ಟರ್ ಅವರ ‘ಯುಗಾಂತರ್’ ತಂಡ ಇದನ್ನು ತೆಗೆಯಿತು. ‘ಊಬ್’ ಎಂದರೆ ಬಿಸಿ, ಕಾವು. ನಿಪ್ಪಾಣಿಯ ತಂಬಾಕು ಕಾರ್ಖಾನೆಗಳ ಹೆಂಗಸರು ಸಂಘ ಕಟ್ಟಿ ಮಾಲೀಕರ ಎದುರು ನಿಂತ ಕಥೆ ಇದು. ತಂಡದವರು ತಿಂಗಳುಗಟ್ಟಲೆ ಅವರೊಡನೆ ಇದ್ದು, ಮೊದಲು ಅವರ ಮಾತು ಕೇಳಿ, ಆಮೇಲೆ ಚಿತ್ರ ಮಾಡಿದರು. ಅದರ ಫಲ ತೆರೆಯ ಮೇಲೆ ಕಾಣುತ್ತದೆ. ಆ ಹೆಂಗಸರು ನಮ್ಮ ಕನಿಕರ ಬೇಡುವುದಿಲ್ಲ, ತಮ್ಮ ಲೆಕ್ಕ ಒಪ್ಪಿಸುತ್ತಾರೆ. ಬೀಡಿ ಕಟ್ಟುವ ಮನೆಗಳನ್ನು ಬಲ್ಲ ಕಾಸರಗೋಡಿನ ಓದುಗರಿಗೆ, ಆ ಸೊಪ್ಪಿನ ಪುಡಿ ಮೊದಲು ಯಾರ ಎದೆಗೆ ಇಳಿದಿತ್ತೆಂಬುದು ಇಲ್ಲಿ ಅರ್ಥವಾಗುತ್ತದೆ.

ಯುಗಾಂತರದ ನಾಲ್ಕು ಚಿತ್ರಗಳಲ್ಲಿ ಎರಡು ಮರಾಠಿ, ಒಂದು ತೆಲುಗು, ಒಂದು ಹಿಂದಿ. ದೀಪಾ ಅವರು ಬೆಂಗಳೂರಿನವರಾದರೂ ಕನ್ನಡದ್ದು ಒಂದೂ ಇಲ್ಲ. ಹಾಗಾದರೆ ಈ ಚಿತ್ರ ನಮ್ಮದೇ? ನೋಡುವ ಮೊದಲು ನಾನು ಅಲ್ಲವೆನ್ನುತ್ತಿದ್ದೆ.

ಆದೋನಿ ಹತ್ತಿಯ ಊರು. ಬ್ಯಾಂಕಿನಲ್ಲಿ ನನ್ನ ಕೌಂಟರಿಗೆ ಜಿನ್ನಿಂಗ್ ಮಿಲ್ಲಿನ ಹೆಂಗಸರು ಬರುತ್ತಾರೆ. ಸೆರಗಿಗೆ ಹತ್ತಿಯ ಎಳೆ ಇನ್ನೂ ಅಂಟಿರುತ್ತದೆ. ನನ್ನೊಡನೆ ತೆಲುಗು, ತಮ್ಮತಮ್ಮಲ್ಲಿ ಕನ್ನಡ. ಕನ್ನಡ ಕಿವಿಗೆ ಬಿದ್ದೊಡನೆ ಖುಷಿಯಾಗಿ ‘ಯಾವೂರವ್ವಾ?’ ಎಂದು ವಿಚಾರಿಸುತ್ತಿದ್ದೆ. ಚೀಟಿ ತುಂಬಿ ಹೆಬ್ಬೆಟ್ಟು ಒತ್ತಿಸಿಕೊಳ್ಳುತ್ತಿದ್ದೆ. ದಿನಗೂಲಿ ಎಷ್ಟು, ಕೆಮ್ಮು ಎಂದಿನಿಂದ ಎಂದು ಒಮ್ಮೆಯೂ ಕೇಳಿರಲಿಲ್ಲ. ಅವರ ಭಾಷೆ ಉಳಿಯಲೆಂದು ಸಭೆಗಳಲ್ಲಿ ಮಾತಾಡಿದವನೂ ನಾನೇ. ಈ ಚಿತ್ರ ನನ್ನನ್ನು ಹಿಡಿದದ್ದು ಅಲ್ಲಿ.

ಒಂದು ಕೊರತೆ ಹೇಳಲೇಬೇಕು. ಚಿತ್ರ ಹೋರಾಟದ ಕಾವಿನಲ್ಲೇ ಮುಗಿಯುತ್ತದೆ. ಕಾವು ಆರಿದ ಮೇಲೆ ಪ್ರತಿಯೊಬ್ಬಳ ಮನೆಯಲ್ಲಿ ಸಾಲ ಎಷ್ಟು ತೀರಿತು, ಎಷ್ಟು ಉಳಿಯಿತು ಎಂಬ ಲೆಕ್ಕ ನನ್ನಂಥ ಗುಮಾಸ್ತನಿಗೆ ಬೇಕೆನಿಸುತ್ತದೆ. 25 ನಿಮಿಷದಿಂದ ಅದನ್ನು ಬಯಸುವುದು ಅತಿಯಾಸೆ ಇರಬಹುದು.

ಗಡಿನಾಡಿನ ನಮ್ಮ ಬರವಣಿಗೆ ಶಾಲೆ, ಪಠ್ಯಪುಸ್ತಕ, ನಾಮಫಲಕಗಳ ಬಗ್ಗೆ ಬಹಳ ಹೇಳಿದೆ, ಹೇಳಬೇಕಾದದ್ದೇ. ಆದರೆ ಕನ್ನಡ ಆಡುವ ಕೂಲಿ ಹೆಂಗಸಿನ ದಿನ ಹೇಗೆ ಕಳೆಯುತ್ತದೆಂದು ಬರೆಯದಿದ್ದರೆ ನಾವು ಉಳಿಸುವ ಭಾಷೆ ಯಾರದು? ಮರಾಠಿ ಬಾರದ ನನಗೆ ಈ ಪ್ರಶ್ನೆ ಕೇಳಿದ್ದು ಆ ಮರಾಠಿ ಚಿತ್ರ. ಆದ್ದರಿಂದ ಅದು ನಮ್ಮದೂ ಹೌದು.