ಕೊನೆಗೆ ಬೀಳುವ ಕಾಚಂಪುಳಿ

ಹಾನಗಲ್ಲ, ಸವಣೂರು, ಹಿರೇಕೆರೂರು ಕಡೆಯ ನಮಗೆ ಹುಳಿ ಎಂದರೆ ಹುಣಸೆಹಣ್ಣು. ಹಾಗಾಗಿ ಕೊಡಗಿನ ಪಂದಿ ಕರಿಯ, ಅಂದರೆ ಹಂದಿಮಾಂಸದ ಸಾರಿನ, ಹುಳಿ ಮೊದಲ ತುತ್ತಿಗೇ ಬೆರಗು ಹುಟ್ಟಿಸುತ್ತದೆ. ಆ ಹುಳಿಯ ಮೂಲ ಕಾಚಂಪುಳಿ. ಮಳೆಗಾಲದಲ್ಲಿ ಮಾಗುವ ಅದರ ಹಣ್ಣನ್ನು ಬುಟ್ಟಿಯಲ್ಲಿ ಪೇರಿಸಿಟ್ಟರೆ ಅದು ಮೆತ್ತಗಾಗುತ್ತ ರಸ ಬಿಡುತ್ತದೆ. ತೊಟ್ಟಿಕ್ಕಿದ ಆ ರಸವನ್ನು ಕುದಿಸಿ ಇಂಗಿಸಿದಾಗ ಸಿಗುವುದು ಕಾಕಂಬಿಯಂಥ ಕಪ್ಪು ಹುಳಿ. ವರ್ಷಗಟ್ಟಲೆ ಕೆಡುವುದಿಲ್ಲ.

ಅಡುಗೆಯವರ ಕೈಚಳಕ ಕಾಣುವುದು ಮಸಾಲೆ ಹುರಿಯುವಾಗ. ಕೊತ್ತಂಬರಿ ಬೀಜ, ಜೀರಿಗೆ, ಸಾಸಿವೆ, ಮೆಂತ್ಯ, ಕಾಳುಮೆಣಸು, ಎಲ್ಲವೂ ಕಪ್ಪಿಗೆ ತಿರುಗುವ ಅಂಚಿಗೆ ಬರಬೇಕು. ಒಂದು ಗಳಿಗೆ ತಡವಾದರೂ ಮೆಂತ್ಯ ಕಹಿ. ಕೊಬ್ಬಿರುವ ಮಾಂಸಕ್ಕೆ ಅರಿಸಿನ, ಉಪ್ಪು, ಈರುಳ್ಳಿ, ಶುಂಠಿ, ಬೆಳ್ಳುಳ್ಳಿ ಬೆರೆಸಿ ಸಣ್ಣ ಉರಿಗಿಟ್ಟರೆ ಸಾಕು, ತನ್ನದೇ ನೀರು, ತನ್ನದೇ ಜಿಡ್ಡಿನಲ್ಲಿ ಅದು ನಿಧಾನಕ್ಕೆ ಬೇಯುತ್ತದೆ. ತೊಗಲು ಬೆರಳಿಗೆ ಅಂಟುವಷ್ಟು ಮೆತ್ತಗಾದ ಮೇಲೆ ಹುರಿದ ಪುಡಿ, ಕಟ್ಟಕಡೆಗೆ ಕಾಚಂಪುಳಿ. ಕಂದು ಸಾರು ಕಣ್ಣೆದುರೇ ಕಪ್ಪಾಗುತ್ತದೆ, ಜಿಡ್ಡಿನ ಭಾರ ನಾಲಿಗೆಗೆ ಹಗುರಾಗುತ್ತದೆ. ಎಂಥ ಜಾಣ್ಮೆ! ಅಷ್ಟು ದೂರದ ಕ್ಯೂಬಾದವರೂ ಹಂದಿಮಾಂಸಕ್ಕೆ ಬೆಳ್ಳುಳ್ಳಿ, ಜೀರಿಗೆಯ ಜೊತೆ ಹುಳಿ ಕಿತ್ತಳೆಯ ರಸವನ್ನೇ ಹಿಂಡುತ್ತಾರೆ.

ಸೆಪ್ಟೆಂಬರ್ 3ರ ಕೈಲ್ ಮುಹೂರ್ತ ಹಬ್ಬದಂದು ಕೊಡವರ ಮನೆಗಳಲ್ಲಿ ಪಂದಿ ಕರಿಗೆ ಜೋಡಿ ಅಕ್ಕಿತರಿಯ ಬಿಸಿ ಕಡಂಬುಟ್ಟು.

ಮನೆಯಲ್ಲಿ ಸ್ಲೋ ಕುಕ್ಕರ್ ಇದ್ದವರು ಅದರಲ್ಲೇ ಮಾಡಿ ನೋಡಿ. ಸಣ್ಣ ಉರಿಯ ಕೆಲಸವನ್ನು ಅದು ಚೆನ್ನಾಗಿಯೇ ಮಾಡುತ್ತದೆ. ಹುಳಿಗೆ ಮಾತ್ರ ವಿನೆಗರ್ ಸುರಿಯಬೇಡಿ. ಮಡಿಕೇರಿ ಕಡೆ ಹೋದವರ ಕೈಲಿ ಒಂದು ಬಾಟಲಿ ಕಾಚಂಪುಳಿ ತರಿಸಿಕೊಳ್ಳಿ.