ಕಪ್ಪೆ ಅರಭಟ್ಟನ ಶಾಸನ: ಛಂದೋವಿಚಾರಕ್ಕೆ ಮುನ್ನ

ಬಾದಾಮಿಯ ಕೆರೆಯ ಈಶಾನ್ಯಕ್ಕಿರುವ ಬಂಡೆಯ ಮೇಲಣ ಕಪ್ಪೆ ಅರಭಟ್ಟನ ಶಾಸನವು ತ್ರಿಪದಿಗೆ ದೊರೆತಿರುವ ಅತಿಪ್ರಾಚೀನ ಸಾಕ್ಷ್ಯವೆಂಬುದು ಸುವಿದಿತ. 1881ರಲ್ಲಿ ಫ್ಲೀಟರು ಇದನ್ನು ‘ಇಂಡಿಯನ್ ಆಂಟಿಕ್ವೆರಿ’ಯಲ್ಲಿ ಪ್ರಕಟಿಸಿದಂದಿನಿಂದ ಇದರ ಛಂದಸ್ಸನ್ನು ಕುರಿತ ಚರ್ಚೆಗೆ ಕೊರತೆಯಿಲ್ಲ. ಆದರೆ ಆ ಚರ್ಚೆಯಲ್ಲಿ ಒಂದು ಆತುರವು ಮೇಲಿಂದ ಮೇಲೆ ಕಾಣಬರುತ್ತದೆ. ಕಲ್ಲಿನಲ್ಲಿ ಏನೇನಿದೆ, ಏನಿಲ್ಲ ಎಂಬುದನ್ನು ಎಣಿಸಿ ನೋಡುವುದಕ್ಕೆ ಮೊದಲೇ ಗಣವಿಭಾಗಕ್ಕೆ ತೊಡಗುವುದೇ ಆ ಆತುರ.

ಶಾಸನದಲ್ಲಿರುವುದು ಹತ್ತು ಸಾಲು. ಮೊದಲು ಅರಭಟ್ಟನ ಗುಣವರ್ಣನೆ. ಬಳಿಕ ಮಾನಹಾನಿಗಿಂತ ಮರಣವೇ ಲೇಸೆಂಬ ಅರ್ಥದ ಒಂದು ಸಂಸ್ಕೃತ ಶ್ಲೋಕ. ಆಮೇಲೆ ಮೂರು ತ್ರಿಪದಿಗಳು. ಪಾಠಪುಸ್ತಕಗಳು ಬಹುಮಟ್ಟಿಗೆ ಮೊದಲನೆಯ ತ್ರಿಪದಿಯೊಂದನ್ನೇ ಎತ್ತಿಕೊಡುವುದರಿಂದ, ದೇಸಿಯ ಪಕ್ಕದಲ್ಲಿಯೇ ಶ್ಲೋಕವೂ ನಿಂತಿದೆಯೆಂಬ ಸಂಗತಿಯು ವಿದ್ಯಾರ್ಥಿಯ ಕಣ್ಣಿಗೆ ಬೀಳುವುದೇ ಇಲ್ಲ. ತ್ರಿಪದಿಗಳ ಪಾದಗಳು ಒಂಬತ್ತು, ಶ್ಲೋಕದವು ನಾಲ್ಕು. ಮೊದಲ ಭಾಗವನ್ನು ಬಿಟ್ಟರೂ ಹದಿಮೂರಾದುವು. ಆದುದರಿಂದ ಕಲ್ಲಿನ ಸಾಲೂ ಪದ್ಯದ ಪಾದವೂ ಒಂದೇ ಆಗಿರಲಾರವು. ಅಚ್ಚಿನಲ್ಲಿ ಕಾಣುವ ಮೂರು ಮೂರು ಸಾಲಿನ ಜೋಡಣೆ ಸಂಪಾದಕರದು. ಅದು ಆಗಲೇ ಒಂದು ವ್ಯಾಖ್ಯಾನ.

ಇನ್ನು ಇಲ್ಲದುದನ್ನು ನೋಡಬೇಕು. ರಾಜನ ಹೆಸರಿಲ್ಲ, ಶಕವರ್ಷವಿಲ್ಲ, ದತ್ತಿಯ ಮಾತಿಲ್ಲ. ಹುನಗುಂದ ತಾಲೂಕಿನ ಐಹೊಳೆಯ ಮೇಗುಟಿಯಲ್ಲಿ ರವಿಕೀರ್ತಿಯು ಇಮ್ಮಡಿ ಪುಲಕೇಶಿಯನ್ನು ಹೊಗಳಿ, ಶಕ 556 (ಕ್ರಿ.ಶ. 634-35) ಎಂದು ಕಾಲವನ್ನೂ ತಿಳಿಸಿ, ತನ್ನನ್ನು ಕಾಳಿದಾಸ ಭಾರವಿಗಳಿಗೆ ಹೋಲಿಸಿಕೊಂಡಿದ್ದಾನೆ. ಆ ಕವಿಗಳ ಕಾಲನಿರ್ಣಯಕ್ಕೆ ಆ ಕಲ್ಲು ಗಡಿಯಾಗಬಲ್ಲುದು. ಬಾದಾಮಿಯ ಬಂಡೆಗೆ ಆ ಶಕ್ತಿಯಿಲ್ಲ, ಕ್ರಿ.ಶ. ಸುಮಾರು 700 ಎಂಬುದು ಅದರ ಲಿಪಿಯಿಂದ ಊಹಿಸಿದ ಕಾಲ. ಛಂದಸ್ಸಿನ ಇತಿಹಾಸವನ್ನು ಬರೆಯುವವರು ಈ ‘ಸುಮಾರು’ ಎಂಬುದನ್ನು ಬಹು ಬೇಗ ಮರೆಯುತ್ತಾರೆ.

ಹನ್ನೊಂದು ಗಣ, ಆರನೆಯದೂ ಹತ್ತನೆಯದೂ ಬ್ರಹ್ಮ, ಉಳಿದುವು ವಿಷ್ಣು: ಇದು ಲಾಕ್ಷಣಿಕರು ಹೇಳುವ ತ್ರಿಪದಿ. ತ್ರಿಪದಿಯ ಲಕ್ಷಣವನ್ನು ಹೇಳಿದ ನಾಗವರ್ಮನ ‘ಛಂದೋಂಬುಧಿ’ಯಾದರೋ ಶಾಸನಕ್ಕಿಂತ ಹೆಚ್ಚುಕಡಿಮೆ ಮೂರು ಶತಮಾನ ಕಿರಿದು. ಗಣವೊಂದು ಮಿಕ್ಕಂತೆಯೋ ಸಾಲದಂತೆಯೋ ಕಂಡೊಡನೆ ಕಲ್ಲುಕುಟಿಗನ ತಪ್ಪೆಂದು ತಿದ್ದುವುದು ಮೊಮ್ಮಗನ ಅಂಗಿಯನ್ನು ಅಜ್ಜನಿಗೆ ತೊಡಿಸಿ, ಅಜ್ಜನ ಮೈ ಸರಿಯಿಲ್ಲವೆಂದಂತೆ.

ಅಂಶಗಣವು ಕಿವಿಗೆ ಸೇರಿದ್ದು. ಬಾಗಲಕೋಟೆ, ಬಾದಾಮಿ, ಇಳಕಲ್ಲುಗಳ ಸೀಮೆಯಲ್ಲಿ ಹೆಣ್ಣುಮಕ್ಕಳು ಬೀಸುವಾಗ ಹಾಡುತ್ತಿದ್ದ ಪದಗಳೂ ತ್ರಿಪದಿಗಳೇ. ಅಚ್ಚಿನಲ್ಲಿ ಮೂರಾದ ಸಾಲು ಹಾಡಿನಲ್ಲಿ ಎರಡನೆಯ ಸಾಲಿನ ಪುನರಾವೃತ್ತಿಯಿಂದ ನಾಲ್ಕಾಗುವುದುಂಟು. ಅಕ್ಷರವೊಂದು ಎಷ್ಟು ಎಳೆಯಬಲ್ಲುದೆಂಬುದಕ್ಕೆ ಅಲ್ಲಿ ಸೂಚನೆ ಸಿಗುತ್ತದೆ. ಆದರೆ ಸೂಚನೆಯಷ್ಟೇ: 1931ರ ‘ಗರತಿಯ ಹಾಡು’ ಸಂಕಲನಕ್ಕೂ ಈ ಬಂಡೆಗೂ ನಡುವೆ ಹನ್ನೆರಡು ಶತಮಾನಗಳ ಅಂತರವಿದೆ, ಅಂದಿನ ಧಾಟಿಗೆ ಇಂದಿನದು ಪ್ರಮಾಣವಾಗದು.

ಹತ್ತು ಸಾಲುಗಳನ್ನು ಕಲ್ಲಿನಲ್ಲಿರುವಂತೆಯೇ ಮುದ್ರಿಸಿ, ಸಂದೇಹದ ಅಕ್ಷರಗಳಿಗೆ ಗುರುತಿಟ್ಟು, ಪಾದವಿಭಾಗವನ್ನು ಅದರ ಕೆಳಗೆ ಬೇರೆಯಾಗಿ ಕೊಟ್ಟರೆ, ತರಗತಿಯಲ್ಲಿ ಕುಳಿತ ವಿದ್ಯಾರ್ಥಿಗೂ ಎಲ್ಲಿ ಶಾಸನ ಮುಗಿದು ಎಲ್ಲಿ ವಿದ್ವಾಂಸನ ಊಹೆ ತೊಡಗಿತೆಂಬುದು ಕಾಣುವುದು.