‘ಆದರೂ’ ಎಂಬ ಅವಮಾನ

ಬುರ್ರಕಥೆಯ ದರೋಜಿ ಈರಮ್ಮನ ಬಗ್ಗೆ ಮಾತಾಡುವಾಗ ಪಂಡಿತರ ಬಾಯಿಗೆ ಒಂದು ಪದ ತಾನಾಗಿ ಬರುತ್ತೆ: ‘ಅನಕ್ಷರಸ್ಥೆಯಾದರೂ’. ಗೆಳೆಯರೇ, ಆ ‘ಆದರೂ’ ಯಾಕೆ ಅಂತ ನಾವು ಕೇಳಬೇಕಾಗಿದೆ.

ಬೆಂಗಳೂರಿನ ಚಾಮರಾಜಪೇಟೆಯಲ್ಲಿ 1939ರಿಂದ ರಾಮೋತ್ಸವದ ಕಚೇರಿಗಳು ನಡೀತಾ ಬಂದಿವೆ. ಅಲ್ಲಿ ವಿದ್ವಾಂಸರು ಹಾಳೆ ನೋಡದೆ ಹಾಡಿದರೆ ಅದು ಸಾಧನೆ, ಗುರುಪರಂಪರೆ. ಬಳ್ಳಾರಿ ಸೀಮೆಯ ಬುಡ್ಗ ಜಂಗಮರ ಹೆಣ್ಣುಮಗಳು 12 ಕಾವ್ಯಗಳನ್ನು ನೆನಪಿನಿಂದ ಹಾಡಿದರೆ ಮಾತ್ರ ‘ದೇವರ ವರ’! ಇದ್ಯಾವ ನ್ಯಾಯ? ಈರಮ್ಮನಿಗೂ ಗುರುವಿದ್ದ, ಹೆತ್ತಪ್ಪನೇ ಗುರು.

ಬುರ್ರಕಥೆಯಲ್ಲಿ ಮುಖ್ಯ ಕಥೆಗಾರ್ತಿ ತಂಬೂರಿ ಮೀಟುತ್ತಾ ಹಾಡನ್ನೂ ಮಾತನ್ನೂ ಹೆಣೀತಾಳೆ. ಪಕ್ಕದವರು ವಾದ್ಯ ಬಡಿದು ಸೊಲ್ಲು ಹಿಡೀತಾರೆ. ಕುಮಾರರಾಮನ ಕಥೆ ರಾತ್ರಿಯಿಡೀ ನಿಲ್ಲಬೇಕಾದರೆ ಇಷ್ಟೂ ಬೇಕು. ಇದು ವರವಲ್ಲ, ದುಡಿಮೆ. ದುಡಿಮೆಯನ್ನು ವರ ಅಂದುಬಿಟ್ಟರೆ ಕೂಲಿಯ ಪ್ರಶ್ನೆಯೇ ಏಳೋದಿಲ್ಲ! ಅದಕ್ಕೇ ಅಲೆಮಾರಿ ಕಲಾವಿದರಿಗೆ ಊರು ಹಾಕಿದ್ದು ಭಿಕ್ಷೆ, ಕೊಟ್ಟದ್ದು ಸಂಭಾವನೆಯಲ್ಲ.

1999ರಲ್ಲಿ ರಾಜ್ಯೋತ್ಸವ ಪ್ರಶಸ್ತಿ, ಆಮೇಲೆ ಹಂಪಿ ಕನ್ನಡ ವಿಶ್ವವಿದ್ಯಾಲಯದ ನಾಡೋಜ ಬಂದವು. 2014ರಲ್ಲಿ ಈರಮ್ಮ ತೀರಿಕೊಂಡರು. ‘ಆದರೂ’ ಮಾತ್ರ ಸಾಯಲಿಲ್ಲ.

ಅಕ್ಷರ ಇಲ್ಲದ್ದು ಆಕೆಯ ಕೊರತೆಯಲ್ಲ. ಅಕ್ಷರವನ್ನು ತನ್ನ ಕೇರಿಯಲ್ಲೇ ಬಚ್ಚಿಟ್ಟುಕೊಂಡ ಸಮಾಜದ ಅಪರಾಧ. ನಮ್ಮ ನಮ್ಮ ಮನೆಗಳಲ್ಲಿ ಮೊದಲು ಡಿಗ್ರಿ ಪಡೆದ ನಾವು ಇದನ್ನು ಚೆನ್ನಾಗಿ ಬಲ್ಲೆವು. ಹಳ್ಳಿಯ ಮೇಷ್ಟ್ರುಗಳೇ, ಪಾಠದಲ್ಲಿ ಹಾಡಿನ ಕೆಳಗೆ ಬರೀ ‘ಜನಪದ’ ಅಂತಿದ್ದರೆ ಅಲ್ಲಿಗೇ ಬಿಡಬೇಡಿ. ಹಾಡಿದವರ ಹೆಸರೇನು, ಅವರಿಗೆ ಕಲಿಸಿದವರು ಯಾರು ಅಂತ ಮಕ್ಕಳೇ ಕೇಳಲಿ.